ಲೂಥರ್ ರೈತರಿಗೆ ಕೈಕೊಟ್ಟನೇ?

1525ರ ವಸಂತದಲ್ಲಿ ಜರ್ಮನ್ ಸೀಮೆಯ ರೈತರು ದಂಗೆ ಎದ್ದರು. ಪೋಪನನ್ನೇ ಎದುರು ಹಾಕಿಕೊಂಡ ಧರ್ಮಸುಧಾರಕ ಮಾರ್ಟಿನ್ ಲೂಥರ್ ತಮ್ಮ ಬೆನ್ನಿಗೆ ನಿಲ್ಲುತ್ತಾನೆ ಎಂದು ಅವರಲ್ಲಿ ಬಹಳ ಮಂದಿ ನಂಬಿದ್ದರು. ಆತ ಅರಸರ ಕಡೆ ನಿಂತ. ಅದು ದ್ರೋಹವೇ? ಎರಡೂ ವಾದಗಳನ್ನು ಇಲ್ಲಿ ಇಟ್ಟಿದ್ದೇನೆ. ನನ್ನ ಮನಸ್ಸು ವಾಲುವುದು ಮೊದಲನೆಯದರ ಕಡೆಗೆ. ಆದರೆ ಎರಡನೆಯದನ್ನು ತಳ್ಳಿಹಾಕಲು ನನಗೆ ಇನ್ನೂ ಆಗಿಲ್ಲ.

ಪರ: ಹೌದು, ಕೈಕೊಟ್ಟ

ಬ್ಲ್ಯಾಕ್ ಫಾರೆಸ್ಟ್ ಕಾಡಿನ ಅಂಚಿನ ಸ್ಟ್ಯೂಲಿಂಗೆನ್ ಎಂಬಲ್ಲಿ 1524ರ ಬೇಸಿಗೆಯಲ್ಲಿ ದಂಗೆಯ ಮೊದಲ ಕಿಡಿ ಹೊತ್ತಿತು. ಅಲ್ಲಿನ ಒಡತಿಗೆ ನೂಲು ಸುತ್ತಲು ಬಸವನಹುಳುವಿನ ಚಿಪ್ಪು ಬೇಕಾಗಿತ್ತಂತೆ. ಅದನ್ನು ಆರಿಸಿ ತರಲು ಕೊಯ್ಲಿನ ಹೊತ್ತಿನಲ್ಲೇ ರೈತರನ್ನು ಹೊಲದಿಂದ ಎಬ್ಬಿಸಿದಳು ಎಂದು ಆ ಕಾಲದವರು ಬರೆದಿಟ್ಟಿದ್ದಾರೆ. ಮಾಗಿದ ತೆನೆ ಹೊಲದಲ್ಲಿ ಉದುರುತ್ತಿದೆ, ಮನೆಮಂದಿಯೆಲ್ಲ ಬೇಲಿಸಾಲಿನಲ್ಲಿ ಬಗ್ಗಿ ಚಿಪ್ಪು ಹುಡುಕುತ್ತಿದ್ದಾರೆ. ಬಿಟ್ಟಿ ಚಾಕರಿ ಎಂದರೆ ಏನೆಂದು ತಿಳಿಯಲು ಇಷ್ಟು ಸಾಕು.

ಈ ಜನರ ಬಾಯಿಗೆ ಮಾತು ಕೊಟ್ಟವನು ಲೂಥರ್. ಕ್ರೈಸ್ತನಾದವನು ಎಲ್ಲಕ್ಕೂ ಒಡೆಯ, ಯಾರಿಗೂ ಆಳಲ್ಲ ಎಂದು 1520ರಲ್ಲಿ ಬರೆದವನು ಅವನೇ. 1525ರ ಮಾರ್ಚ್‌ನಲ್ಲಿ ಮೆಮ್ಮಿಂಗೆನ್ ಪಟ್ಟಣದಲ್ಲಿ ರೈತರ ಹನ್ನೆರಡು ಬೇಡಿಕೆಗಳ ಪಟ್ಟಿ ಸಿದ್ಧವಾಯಿತು. ಅದನ್ನು ಬರೆದದ್ದು ತುಪ್ಪಳದ ಉಡುಪು ಹೊಲಿಯುವ ಸೆಬಾಸ್ಟಿಯನ್ ಲೋಟ್ಸರ್. ಸುಮಾರು 25,000 ಪ್ರತಿಗಳು ಅಚ್ಚಾದವೆಂಬ ಅಂದಾಜಿದೆ. ಪಟ್ಟಿಯಲ್ಲಿದ್ದುದು ಸ್ವರ್ಗದ ಮಾತಲ್ಲ, ಮನೆಯ ಮಾತು. ನಮ್ಮ ಪಾದ್ರಿಯನ್ನು ನಾವೇ ಆರಿಸುತ್ತೇವೆ. ಕಾಡಿನ ಸೌದೆ, ಹೊಳೆಯ ಮೀನು ನಮಗೂ ಸಿಗಲಿ. ಕ್ರಿಸ್ತ ತನ್ನ ರಕ್ತ ಕೊಟ್ಟು ಎಲ್ಲರನ್ನೂ ಬಿಡಿಸಿದ ಮೇಲೆ ನಮಗೇಕೆ ಜೀತ? ಹನ್ನೊಂದನೆಯದನ್ನು ಓದುವಾಗ ನನಗೆ ಹೊಟ್ಟೆ ಉರಿಯುತ್ತದೆ. ಯಜಮಾನ ಸತ್ತರೆ ಮನೆಯ ಒಳ್ಳೆಯ ದನವನ್ನೋ ಒಳ್ಳೆಯ ಉಡುಪನ್ನೋ ಒಡೆಯ ಕೊಂಡೊಯ್ಯುವ ಪದ್ಧತಿ ಇತ್ತು. ಹೆಣ ಮನೆಯಲ್ಲಿರುವಾಗಲೇ ವಿಧವೆಯ ಕೊಟ್ಟಿಗೆಗೆ ಕೈಹಾಕುವ ಆ ಪದ್ಧತಿ ನಿಲ್ಲಲಿ ಎಂದು ಅವರು ಕೇಳಿದರು.

ಹನ್ನೆರಡನೆಯದು ಬೇಡಿಕೆಯೇ ಅಲ್ಲ. ನಮ್ಮ ಯಾವ ಮಾತಾದರೂ ಬೈಬಲ್ಲಿಗೆ ವಿರುದ್ಧವೆಂದು ತೋರಿಸಿದರೆ ಅದನ್ನು ಹಿಂದಕ್ಕೆ ತೆಗೆದುಕೊಳ್ಳುತ್ತೇವೆ ಎಂಬ ಮಾತು. ನಾಲ್ಕು ವರ್ಷದ ಹಿಂದೆ, 1521ರಲ್ಲಿ ವರ್ಮ್ಸ್ ಸಭೆಯಲ್ಲಿ ಚಕ್ರವರ್ತಿಯ ಎದುರು ನಿಂತು ಲೂಥರ್ ಹೇಳಿದ್ದೂ ಇದನ್ನೇ. ರೈತರು ಅವನ ಮಾತನ್ನೇ ಅವನ ಮುಂದಿಟ್ಟಿದ್ದರು.

ಅವನ ಉತ್ತರವೇನು? ಜೀತ ಬೇಡ ಎಂದದ್ದಕ್ಕೆ, ಬೈಬಲಿನ ಅಬ್ರಹಾಮನಿಗೂ ಗುಲಾಮರಿದ್ದರು ಎಂದ. ಸೌದೆ, ಬೇಟೆ, ಬಿಟ್ಟಿ ಚಾಕರಿಯ ಬೇಡಿಕೆಗಳನ್ನು ಕಾನೂನು ಬಲ್ಲವರಿಗೆ ಬಿಟ್ಟ. ಮೇ ತಿಂಗಳ ಕಿರುಹೊತ್ತಿಗೆಯಲ್ಲಂತೂ ಹುಚ್ಚುನಾಯಿಯನ್ನು ಕೊಲ್ಲುವಂತೆ ದಂಗೆಕೋರರನ್ನು ಕೊಲ್ಲಿರಿ, ಇರಿಯಿರಿ, ಗುಟ್ಟಾಗಿಯಾದರೂ ಸರಿ ಬಹಿರಂಗವಾಗಿಯಾದರೂ ಸರಿ ಎಂದು ಬರೆದ. ಅವನಿಗೆ ಆಶ್ರಯ ಕೊಟ್ಟ ಸ್ಯಾಕ್ಸನಿಯ ಅರಸ ಫ್ರೆಡರಿಕ್, ಸಾಯುವ ಮೂರು ವಾರ ಮೊದಲು ತಮ್ಮನಿಗೆ ಬರೆದ ಕಾಗದ ಬೇರೆಯೇ ಇದೆ. ಬಡವರು ದಂಗೆ ಏಳಲು ನಾವೇ ಕಾರಣ ಕೊಟ್ಟಿರಬಹುದು, ಆಳುವವರಿಂದ ಅವರಿಗೆ ಬಹಳ ಅನ್ಯಾಯವಾಗಿದೆ ಎಂದಿದ್ದಾನೆ. ಅರಸನಿಗೆ ಕಂಡ ಸತ್ಯ ಗುರುವಿಗೆ ಕಾಣದೆ ಹೋಯಿತು.

ಮೇ 15ರಂದು ಫ್ರಾಂಕೆನ್‌ಹೌಸೆನ್‌ನ ಗುಡ್ಡದ ಮೇಲೆ ದಂಗೆಯ ಮುಂದಾಳಾದ ಪಾದ್ರಿ ಥಾಮಸ್ ಮ್ಯೂಂಟ್ಸರ್ ಕಾಮನಬಿಲ್ಲಿನ ಬಾವುಟ ಹಿಡಿದ ರೈತರ ನಡುವೆ ಇದ್ದ. ಆಕಾಶದಲ್ಲಿ ಸೂರ್ಯನ ಸುತ್ತ ಬಣ್ಣದ ಬಳೆ ಕಾಣಿಸಿತು, ದೇವರು ನಮ್ಮ ಕಡೆ ಎಂದುಕೊಂಡರು. ಅಷ್ಟರಲ್ಲಿ ಅರಸರ ಫಿರಂಗಿ ಸಿಡಿಯಿತು. ಅಂದು ಸತ್ತ ರೈತರು 5,000ಕ್ಕೂ ಹೆಚ್ಚು. ಅರಸರ ಕಡೆ ಬಿದ್ದವರು ಬೆರಳೆಣಿಕೆಯ ಮಂದಿ.

ವಿರೋಧ: ಇಲ್ಲ, ಅವನು ಮೊದಲಿನಿಂದಲೂ ಅಲ್ಲೇ ನಿಂತಿದ್ದ

ಕೊಡದ ಮಾತನ್ನು ಮುರಿಯಲಾಗದು. 1520ರ ಆ ಪುಸ್ತಕದಲ್ಲಿ ಎರಡು ಸಾಲುಗಳಿವೆ. ಕ್ರೈಸ್ತ ಯಾರಿಗೂ ಆಳಲ್ಲ ಎಂಬುದು ಮೊದಲನೆಯದು. ಅದರ ಬೆನ್ನಿಗೇ, ಕ್ರೈಸ್ತ ಎಲ್ಲರಿಗೂ ಆಳು ಎಂದೂ ಇದೆ. ರೈತರು ಮೊದಲನೆಯದನ್ನು ಎದೆಗೆ ಹಚ್ಚಿಕೊಂಡರು. ಲೂಥರ್ ಎರಡನ್ನೂ ಬರೆದಿದ್ದ. ಅವನು ಹೇಳಿದ ಬಿಡುಗಡೆ ಆತ್ಮದ್ದು. ಕತ್ತಿ ಹಿಡಿದು ದಂಗೆ ಏಳಬೇಡಿ ಎಂದು 1522ರಲ್ಲೇ ಎಚ್ಚರಿಸಿದ್ದ.

ರೈತರನ್ನು ಬೈಯುವ ಮೊದಲು ಅವನು ಅರಸರನ್ನು ಬೈದ. ಏಪ್ರಿಲ್‌ನಲ್ಲಿ ಬರೆದ ಹಿತವಚನದಲ್ಲಿ, ಈ ದಂಗೆಗೆ ನೀವೇ ಹೊಣೆ, ನಿಮ್ಮ ದರ್ಬಾರಿಗಾಗಿ ಜನರನ್ನು ಸುಲಿಯುತ್ತಿದ್ದೀರಿ ಎಂದು ಒಡೆಯರ ಮುಖಕ್ಕೆ ಹೇಳಿದ. ರೈತರ ಪಟ್ಟಿಯ ಹನ್ನೆರಡನೆಯ ಮಾತನ್ನು ಮೆಚ್ಚಿಕೊಂಡ. ಆಮೇಲೆ ಮನೆಯಲ್ಲಿ ಕೂರದೆ ತುರಿಂಗಿಯಾ ಸೀಮೆಯ ಊರೂರು ಸುತ್ತಿ ಶಾಂತಿಯ ಉಪದೇಶ ಮಾಡಿದ. ಜನ ಅವನನ್ನೇ ಹೀಯಾಳಿಸಿದರು. ಅದೇ ದಿನಗಳಲ್ಲಿ ವೈನ್ಸ್‌ಬರ್ಗ್‌ನ ಸುದ್ದಿ ಹರಡಿತ್ತು: ಈಸ್ಟರ್ ಹಬ್ಬದಂದು ಕೋಟೆ ಹಿಡಿದ ರೈತರು ಕೌಂಟ್ ಹೆಲ್ಫೆನ್‌ಸ್ಟೈನ್‌ನನ್ನು ಎರಡು ಸಾಲು ಈಟಿಗಳ ನಡುವೆ ಓಡಿಸಿ ತಿವಿದು ಕೊಂದಿದ್ದರು. ಮೇ ತಿಂಗಳ ಬರಹ ಹುಟ್ಟಿದ್ದು ಈ ದಿಗಿಲಿನಲ್ಲಿ. ಅದರ ಭಾಷೆಯನ್ನು ನಾನು ಸಮರ್ಥಿಸಲಾರೆ.

ಆದರೆ ಕೊಂದದ್ದು ಆ ಬರಹವೇ? ಅದು ಊರೂರು ಹರಡುವ ಹೊತ್ತಿಗೆ ಫ್ರಾಂಕೆನ್‌ಹೌಸೆನ್ ಮುಗಿದಿತ್ತು. ಅಲ್ಲಿ ಸೈನ್ಯ ತಂದವರಲ್ಲಿ ಒಬ್ಬ ಡ್ಯೂಕ್ ಜಾರ್ಜ್. ಲೂಥರನ ಹೆಸರೆತ್ತಿದರೆ ಕಿಡಿಕಾರುತ್ತಿದ್ದ ಕ್ಯಾಥಲಿಕ್. ಆಲ್ಸಾಸ್‌ನ ಸಾವೆರ್ನ್‌ನಲ್ಲಿ ಸಾವಿರಾರು ರೈತರನ್ನು ಕಡಿಸಿದ ಲೊರೇನಿನ ಡ್ಯೂಕ್ ಆಂಟ್ವಾನ್ ಕೂಡ ಕ್ಯಾಥಲಿಕ್. ಅವರಿಗೆ ಲೂಥರನ ಅಪ್ಪಣೆ ಬೇಕಿರಲಿಲ್ಲ. ಅವನು ರೈತರ ಜೊತೆ ನಿಂತಿದ್ದರೆ ಆ ಗುಡ್ಡದ ಮೇಲೆ ಇನ್ನೊಂದು ಹೆಣ ಬೀಳುತ್ತಿತ್ತು, ಅಷ್ಟೇ. ಅದರ ಜೊತೆಗೆ ಊರಿನ ಶಾಲೆ, ತಾಯ್ನುಡಿಯ ಬೈಬಲ್, ಅಚ್ಚಿನ ಓದು ಎಲ್ಲವೂ ಮಣ್ಣುಪಾಲಾಗುತ್ತಿದ್ದವು. 1843ರಲ್ಲಿ ಕನ್ನಡದ ಮೊದಲ ಪತ್ರಿಕೆ ‘ಮಂಗಳೂರ ಸಮಾಚಾರ’ ತಂದ ಜರ್ಮನ್ ಮಿಷನರಿ ಹರ್ಮನ್ ಮೋಗ್ಲಿಂಗ್ ಹುಟ್ಟಿದ್ದು ವೈನ್ಸ್‌ಬರ್ಗ್‌ಗೆ ಹತ್ತಿರದ ಬ್ರಾಕನ್‌ಹೈಮ್‌ನಲ್ಲಿ. ಆ ಓದಿನ ಪರಂಪರೆ ಉಳಿದದ್ದರಿಂದಲೇ ಅಂಥವರು ನಮ್ಮ ಕರಾವಳಿಗೆ ಬಂದರು.

ಆ ಬೇಸಿಗೆಯಲ್ಲೇ ಲೂಥರ್ ಇನ್ನೊಂದು ಪತ್ರ ಬರೆದ. ಗೆದ್ದ ಮೇಲೂ ರಕ್ತದ ದಾಹ ತೀರದ ಒಡೆಯರನ್ನು ಹುಚ್ಚು ಹಿಡಿದ ಕ್ರೂರಿಗಳೆಂದು ಅದರಲ್ಲಿ ಕರೆದ. ಎಷ್ಟೋ ವರ್ಷಗಳ ಮೇಲೆ ಊಟದ ಮೇಜಿನಲ್ಲಿ ಈ ಮಾತು ಬಂದಾಗ, ಆ ರೈತರನ್ನೆಲ್ಲ ಕೊಂದವನು ನಾನೇ, ಅವರ ರಕ್ತ ನನ್ನ ಕೊರಳ ಮೇಲಿದೆ ಎಂದ. ಹೀಗೆ ನುಡಿಯಲು ಅಪ್ಪಣೆ ಕೊಟ್ಟ ದೇವರಿಗೇ ಅದನ್ನು ಒಪ್ಪಿಸುತ್ತೇನೆ ಎಂದೂ ಸೇರಿಸಿದ.