ಖುಲಾಸೆಯಾದರೆ ಸುಳ್ಳು ಕೇಸು ಎಂದೇ?

ನಿನ್ನೆ ಬಾಗಲಕೋಟೆಯಲ್ಲಿ, ಕೋರ್ಟಿನ ಪಕ್ಕದ ಚಹಾದಂಗಡಿಯೊಳಗೆ ಅಮೀನಗಡದ ಕರದಂಟಿನ ಡಬ್ಬಿಯೊಂದು ಕೈಯಿಂದ ಕೈಗೆ ಹೋಗುತ್ತಿತ್ತು. ಹೈಕೋರ್ಟಿನಲ್ಲಿ ಅಪೀಲು ಗೆದ್ದ ಸಂಭ್ರಮ. ಹಂಚುತ್ತಿದ್ದ ಹಿರಿಯ ವಕೀಲರು ನನ್ನ ಮುಂದೆಯೂ ಡಬ್ಬಿ ಹಿಡಿದು, "ಅಟ್ರಾಸಿಟಿ ಹಾರಿಹೋತ್ರೀ. ಸುಳ್ಳು ಕೇಸಂತ ಹೈಕೋರ್ಟೇ ಹೇಳಿಬಿಡ್ತು" ಎಂದರು. ಆ ತೀರ್ಪನ್ನು ನಾನೂ ಓದಿದ್ದೆ. ಅದರಲ್ಲಿ ಹಾಗೆ ಎಲ್ಲಿಯೂ ಬರೆದಿಲ್ಲ. ಕುಡಗೋಲಿನಿಂದ ಗಾಯ ಮಾಡಿದ್ದು ಸಾಬೀತಾಗಿದೆ, ಆಯುಧದಿಂದ ಗಾಯ ಮಾಡಿದ್ದಕ್ಕೆ ಹಳೆಯ ದಂಡ ಸಂಹಿತೆಯ (ಐಪಿಸಿ) 324ರ ಶಿಕ್ಷೆ ಉಳಿದಿದೆ, ದಂಡವೂ ಇದೆ. ಬಿದ್ದುಹೋದದ್ದು ಅಟ್ರಾಸಿಟಿ ಎಂದು ಕರೆಯುವ, ಪರಿಶಿಷ್ಟ ಜಾತಿ ಮತ್ತು ಪಂಗಡಗಳ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಕಲಮುಗಳು ಮಾತ್ರ, ಅದೂ ಸಾಕ್ಷ್ಯ ಸಾಲದು ಎಂಬ ಕಾರಣಕ್ಕೆ. ತಲೆ ಒಡೆದದ್ದು ನಿಜ ಎಂದು ಎರಡು ಕೋರ್ಟುಗಳು ಒಪ್ಪಿದ ಮೇಲೂ ಕೇಸು ಸುಳ್ಳಂತೆ! ನಾನು ಕರದಂಟು ಮುಟ್ಟಲಿಲ್ಲ, ಬಾಯಿಯನ್ನೂ ಮುಚ್ಚಿಕೊಳ್ಳಲಿಲ್ಲ. ನನ್ನ ಸ್ವಭಾವ ನಿಮಗೆಲ್ಲ ಗೊತ್ತೇ ಇದೆ.

ಇಂಥ ಕೇಸುಗಳು ಎಲ್ಲಿ ಸೋಲುತ್ತವೆ ಎಂಬುದನ್ನು ನಾವು ಯಾರೂ ನೇರವಾಗಿ ಹೇಳುವುದಿಲ್ಲ. ಅವು ಸೋಲುವುದು ಧಾರವಾಡದ ಹೈಕೋರ್ಟು ಪೀಠದಲ್ಲೂ ಅಲ್ಲ, ಕಲಬುರಗಿಯ ಪೀಠದಲ್ಲೂ ಅಲ್ಲ. ಫಿರ್ಯಾದಿ ಬರೆಸಿದ ದಿನ, ಠಾಣೆಯ ಮೇಜಿನ ಮೇಲೆ. ಏಟು ತಿಂದವನು ಆ ದಿನ ಬೈಗುಳವನ್ನು ಇದ್ದಂತೆಯೇ ಒದರಿರುತ್ತಾನೆ. ಬರೆದುಕೊಳ್ಳುವವರು ಅದನ್ನು ಸೋಸಿ, "ಜಾತಿ ಎತ್ತಿ ಅವಾಚ್ಯ ಶಬ್ದಗಳಿಂದ ಬೈದು" ಎಂಬ ಅಚ್ಚುಕಟ್ಟಾದ ಒಂದು ಸಾಲಿಗೆ ಇಳಿಸುತ್ತಾರೆ. ವಿಚಾರಣೆಯಲ್ಲಿ ಅವನು ನಿಜವಾದ ಶಬ್ದವನ್ನು ನುಡಿದರೆ, "ಇದು ಫಿರ್ಯಾದಿಯಲ್ಲಿ ಇಲ್ಲ, ಆಮೇಲೆ ಸೇರಿಸಿದ್ದು" ಎಂದು ಪಾಟಿ ಸವಾಲಿನಲ್ಲಿ ಹಿಡಿಯುತ್ತಾರೆ. ನುಡಿಯದಿದ್ದರೆ, ಯಾವ ಶಬ್ದದಿಂದ ಅವಮಾನವಾಯಿತೆಂದು ತಿಳಿಯುವುದಿಲ್ಲ ಎಂದು ಮೇಲ್ಮನವಿಯಲ್ಲಿ ಬಿದ್ದುಹೋಗುತ್ತದೆ. ಹೇಳಿದರೂ ತಪ್ಪು, ಹೇಳದಿದ್ದರೂ ತಪ್ಪು.

ಇನ್ನು "ಸಾರ್ವಜನಿಕರ ಕಣ್ಣೆದುರು" ಎಂಬ ಮಾತು. ಅವಮಾನ ಮತ್ತು ಜಾತಿ ಬೈಗುಳದ 3(1)(ಆರ್) ಮತ್ತು (ಎಸ್) ಕಲಮುಗಳಿಗೆ ಅದು ಬೇಕೇ ಬೇಕು. ಸುಪ್ರೀಂ ಕೋರ್ಟಿನ 2008ರ ಸ್ವರಣ್ ಸಿಂಗ್ ತೀರ್ಪು, ಅದನ್ನೇ ಆಧರಿಸಿದ 2020ರ ಹಿತೇಶ್ ವರ್ಮಾ ತೀರ್ಪು ಹೇಳುವಂತೆ, ಮನೆಯೊಳಗೆ ಬೈದರೆ ಅಲ್ಲಿ ಹೊರಗಿನವರೂ ಇರಬೇಕು, ನೆಂಟರು ಮತ್ತು ಸ್ನೇಹಿತರಷ್ಟೇ ಇದ್ದರೆ ಸಾಲದು. ಕಾಗದದ ಮೇಲೆ ಇದು ಸರಿಯಾಗಿಯೇ ಕಾಣುತ್ತದೆ. ಆದರೆ ನಮ್ಮ ಹಳ್ಳಿಗಳ ಕೇರಿಯನ್ನು ಒಮ್ಮೆ ನೆನಪು ಮಾಡಿಕೊಳ್ಳಿ. ಅಲ್ಲಿ ಪಕ್ಕದ ಮನೆಯವನು ಸೋದರಮಾವ, ಎದುರು ಮನೆಯವಳು ನಾದಿನಿ. ಕೇರಿಯಲ್ಲಿ ಬೈದರೆ ನೋಡಿದವರೆಲ್ಲ ನೆಂಟರು. ಊರೊಳಗೆ ಕಿರಾಣಿ ಅಂಗಡಿಯ ಮುಂದೆ ಬೈದರೆ ನೋಡಿದವರೆಲ್ಲ ಆರೋಪಿಯ ಕಡೆಯವರು, ಸಾಕ್ಷಿ ಕಟ್ಟೆಯಲ್ಲಿ "ನಾ ಅವತ್ತು ಊರಾಗ ಇರಲಿಲ್ರಿ" ಎನ್ನುವವರು. ನೆಂಟನಾದ ಮಾತ್ರಕ್ಕೆ ಸಾಕ್ಷಿಯನ್ನು ತಳ್ಳಿಹಾಕಬಾರದು, ನಿಜವಾದ ಅಪರಾಧಿಯನ್ನು ಬಿಟ್ಟು ಬೇರೆಯವರನ್ನು ಸಿಕ್ಕಿಸುವವರಲ್ಲಿ ಹತ್ತಿರದ ನೆಂಟ ಎಲ್ಲರಿಗಿಂತ ಕೊನೆಯವನು ಎಂದು ಸುಪ್ರೀಂ ಕೋರ್ಟು 1953ರಲ್ಲಿಯೇ, ದಲೀಪ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಹಲ್ಲೆಯ ಮಟ್ಟಿಗೆ ಆ ಮಾತು ಕೈಹಿಡಿಯುತ್ತದೆ. ಬೈಗುಳದ ಮಟ್ಟಿಗೆ ಹೊರಗಿನವನೊಬ್ಬ ಬೇಕು, ಅವನು ಸಿಗುವುದಿಲ್ಲ.

ನನ್ನ ಸಿಟ್ಟು ಇಲ್ಲಿಯೇ ಹೆಚ್ಚಾಗುವುದು. ಹಲ್ಲೆಯ ಕೇಸಿಗೆ ಈ ಕಣ್ಣೆದುರಿನ ಗೊಡವೆಯೇ ಬೇಕಿಲ್ಲ. 2016ರ ಜನವರಿ 26ರಿಂದ ಜಾರಿಗೆ ಬಂದ ತಿದ್ದುಪಡಿಯಲ್ಲಿ 3(2)(ವಿಎ) ಎಂಬ ಕಲಮು ಇದೆ. ಪರಿಶಿಷ್ಟ ಜಾತಿ ಅಥವಾ ಪಂಗಡದವನೆಂದು ಗೊತ್ತಿದ್ದೂ ಹಳೆಯ ಐಪಿಸಿಯ 323, 324ರಂಥ ಗಾಯ ಮಾಡುವ ಅಪರಾಧ ಎಸಗಿದರೆ ಅದೇ ಸಾಕು, ಬಾಗಿಲು ಹಾಕಿಕೊಂಡು ಹೊಡೆದರೂ ಸಾಕು. ಗೊತ್ತಿತ್ತು ಎಂಬುದಕ್ಕೂ 8(ಸಿ) ನೆರವಿಗಿದೆ: ಆರೋಪಿಗೆ ಆ ವ್ಯಕ್ತಿಯ ಅಥವಾ ಅವನ ಮನೆಯವರ ವೈಯಕ್ತಿಕ ಪರಿಚಯವಿದ್ದರೆ, ಜಾತಿಯೂ ಗೊತ್ತಿತ್ತೆಂದೇ ಕೋರ್ಟು ಭಾವಿಸಬೇಕು, ಅಲ್ಲವೆಂದು ತೋರಿಸುವ ಹೊಣೆ ಆರೋಪಿಯದು. ಆದರೆ ಪರಿಚಯವಿತ್ತು ಎಂದು ಯಾರಾದರೂ ಬರೆಯಬೇಕಲ್ಲ! ನಿನ್ನೆಯ ಕೇಸಿನಲ್ಲಿ ಗಾಯಾಳುವಿನ ತಂದೆ ಆರೋಪಿಯ ಕಬ್ಬಿನ ಹೊಲದಲ್ಲಿ ವರ್ಷಗಟ್ಟಲೆ ದುಡಿದವನು. "ನಮ್ಮಪ್ಪ ಇವರ ಹೊಲದಾಗ ದುಡದಾನ್ರಿ" ಎಂಬ ಒಂದು ವಾಕ್ಯ ಫಿರ್ಯಾದಿಯಲ್ಲಿಲ್ಲ, ಸಾಕ್ಷಿಗಳ ಹೇಳಿಕೆಯಲ್ಲಿಲ್ಲ, ಮುಖ್ಯ ವಿಚಾರಣೆಯಲ್ಲಿ ಸರಕಾರಿ ವಕೀಲರೂ ಕೇಳಿಲ್ಲ. ಚಾರ್ಜ್‌ಶೀಟಿಗೆ ಕಲಮು ಹಾಕಿದ್ದಾರೆ, ಕಲಮಿಗೆ ಬೇಕಾದ ಸಂಗತಿಯನ್ನು ಬಿಟ್ಟಿದ್ದಾರೆ. ಗಾಯದ ಪ್ರಮಾಣಪತ್ರ ಇದೆ, ತಹಶೀಲ್ದಾರರ ಜಾತಿ ಪ್ರಮಾಣಪತ್ರ ಇದೆ, ಎರಡನ್ನೂ ಜೋಡಿಸುವ ಆ ಮಾತು ಮಾತ್ರ ಇಲ್ಲ.

ಸುಪ್ರೀಂ ಕೋರ್ಟಿನ 2021ರ ಪಟನ್ ಜಮಾಲ್ ವಲಿ ತೀರ್ಪಿನಲ್ಲಿಯೂ ಆದದ್ದು ಇದೇ. ಅಂಧ ದಲಿತ ಯುವತಿಯ ಮೇಲಿನ ಅತ್ಯಾಚಾರಕ್ಕೆ ಜೀವಾವಧಿ ಶಿಕ್ಷೆ ಉಳಿಯಿತು, ಜಾತಿಯ ಕಾರಣಕ್ಕೇ ಅಪರಾಧ ನಡೆದಿರಬೇಕು ಎನ್ನುತ್ತಿದ್ದ ಹಳೆಯ 3(2)(ವಿ) ಕಲಮಿನ ಶಿಕ್ಷೆ ಸಾಕ್ಷ್ಯವಿಲ್ಲದೆ ರದ್ದಾಯಿತು. ಜಾತಿಯೊಂದೇ ಕಾರಣವಾಗಿರಬೇಕೆಂದಿಲ್ಲ, ಹಲವು ಕಾರಣಗಳ ನಡುವೆ ಅದೂ ಒಂದಾಗಿದ್ದರೆ ಸಾಕು ಎಂದು ಅದೇ ತೀರ್ಪು ಬಿಡಿಸಿ ಹೇಳಿದೆ. ಅದನ್ನು ಓದಿ ಆ ಹುಡುಗಿಯ ಕೇಸು ಸುಳ್ಳು ಎನ್ನುವ ಧೈರ್ಯ ಯಾರಿಗಾದರೂ ಇದೆಯೇ?

ಸುಳ್ಳು ಕೇಸುಗಳೇ ಇಲ್ಲವೇ ಎಂದು ಕೆಳಗೆ ಕೇಳುವವರಿದ್ದೀರಿ. ಇವೆ. ಬದುವಿನ ಜಗಳಕ್ಕೆ ಈ ಕಾಯ್ದೆ ಹಚ್ಚಿಸಿದವರನ್ನು ನಾನೂ ಕಂಡಿದ್ದೇನೆ, ಅಂಥ ಕೇಸಿನಲ್ಲಿ ಆರೋಪಿಯ ಪರ ವಕಾಲತ್ತನ್ನೂ ಹಾಕಿದ್ದೇನೆ, ಅದಕ್ಕಾಗಿ ನನಗೆ ಬೇಸರವೇನಿಲ್ಲ. ಆದರೆ ಬದುವಿನ ಜಗಳದಲ್ಲಿ ಚೆಕ್ಕಿನ ಕೇಸು ಸುಳ್ಳಾಗುತ್ತದೆ, ಕಳವಿನ ಕೇಸೂ ಸುಳ್ಳಾಗುತ್ತದೆ, ಅವು ಬಿದ್ದಾಗ ಯಾರೂ ಸಿಹಿ ಹಂಚಿ ಕಾಯ್ದೆಯನ್ನೇ ತೆಗೆಯಿರಿ ಎನ್ನುವುದಿಲ್ಲ. ಸಂಶಯದ ಲಾಭ ಕೊಟ್ಟರೆ ದೂರುದಾರ ಸುಳ್ಳುಗಾರನೆಂದು ಅರ್ಥವಲ್ಲ ಎಂಬುದನ್ನು ಕರಿಕೋಟು ಹಾಕಿದವರಿಗೇ ವಿವರಿಸಬೇಕಾಗಿ ಬಂದದ್ದು ನನ್ನ ಪುಣ್ಯ.

ಠಾಣೆಯವರು ಹೇಗೆ ಬರೆದುಕೊಳ್ಳಬೇಕೆಂದು ಕಾಯ್ದೆಯ 4ನೆಯ ಕಲಮಿನಲ್ಲಿಯೇ ಇದೆ. ಬಾಯಿಮಾತಿನ ದೂರನ್ನು ಬರಹಕ್ಕಿಳಿಸಿದ ಮೇಲೆ ಸಹಿಗೆ ಮುಂಚೆ ದೂರುದಾರನಿಗೆ ಓದಿ ಹೇಳಬೇಕು, ಪ್ರತಿಯನ್ನು ಕೂಡಲೇ ಕೊಡಬೇಕು. ಬೇಕಂತಲೇ ಕರ್ತವ್ಯ ಬಿಟ್ಟ, ಪರಿಶಿಷ್ಟರಲ್ಲದ ಸರಕಾರಿ ನೌಕರನಿಗೆ ಕನಿಷ್ಠ 6 ತಿಂಗಳು, ಗರಿಷ್ಠ 1 ವರ್ಷ ಜೈಲು. ಓದಿ ಹೇಳಿದ್ದನ್ನು ನಾನು ಕಣ್ಣಾರೆ ಕಂಡದ್ದು ಅಪರೂಪ. ಕಳೆದ ತಿಂಗಳು ಒಂದು ಠಾಣೆಯಲ್ಲಿ ನಾನೇ ಪಟ್ಟು ಹಿಡಿದು ಓದಿಸಿದೆ. ಎರಡನೆಯ ಸಾಲಿಗೇ ಆ ಮುದುಕಿ ತಡೆದು, "ಅವಾಚ್ಯ ಅಂದ್ರ ಏನ್ರಿ ಯಪ್ಪಾ? ನಾ ಹಂಗ ಹೇಳಿಲ್ಲ" ಎಂದಳು, ತಾನು ಹೇಳಿದ್ದನ್ನು ಇನ್ನೊಮ್ಮೆ, ಒಂದಕ್ಷರ ಬಿಡದೆ ಹೇಳಿದಳು. ಬರೆಯುವವರು ಪೆನ್ನು ಕೆಳಗಿಟ್ಟು, "ಇಂಥಾದ್ದೆಲ್ಲಾ ಹೆಂಗ ಬರೀಲಿ ವಕೀಲ್ರ?" ಎಂದು ನನ್ನನ್ನು ಕೇಳಿದರು. ಬರೆಯಿರಿ ಎಂದೆ. ಬರೆದರು.