ಒಂದು ಪೌಂಡ್ ಕಡಿಮೆ ಸಂಬಳಕ್ಕೆ ಊರಲ್ಲೇ ಉಳಿದವನು

ನಮ್ಮ ಚಿಕ್ಕಪ್ಪನ ಮಗನಿಗೆ ಮತ್ತೆ ಸಂಬಂಧ ತಪ್ಪಿತು. ಅರಸೀಕೆರೆ ಹತ್ತಿರ ತೋಟ ಇದೆ, ಬೋರ್‌ವೆಲ್‌ನಲ್ಲಿ ನೀರಿದೆ, ಡಿಗ್ರಿ ಮಾಡಿದ್ದಾನೆ, ಜಾತಕವೂ ಕೂಡಿತ್ತು. ಉಪ್ಪಿಟ್ಟು ಕೇಸರಿಬಾತು ಎಲ್ಲ ಆದ ಮೇಲೆ ಹೆಣ್ಣಿನ ಕಡೆಯವರು ಫೋನ್ ಮಾಡಿ, 'ಹುಡುಗ ಬೆಂಗಳೂರಲ್ಲಾದರೂ ಇದ್ದಿದ್ದರೆ ನೋಡಬಹುದಿತ್ತು' ಅಂದರಂತೆ. ಇದನ್ನು ಹೇಳಿದ ಅಮ್ಮ, 'ನೀನು ಸರಿಯಾದ ಟೈಮಿಗೆ ಹೊರಟೆ ಕಣಪ್ಪ' ಅಂತ ಸೇರಿಸಿದರು. ಹೊಗಳಿಕೆಯೇ ಅದು. ಆದರೂ ಚುಚ್ಚಿತು.

ನಾನಿರುವುದು ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ. ನಮ್ಮ ಕೆಳಗಿನ ಮನೆಯಲ್ಲಿ ಒಬ್ಬ ಅಜ್ಜ ಇದ್ದಾರೆ, ಇಲ್ಲಿನ ಸೆಲ್ಟಿಕ್ ಫುಟ್‌ಬಾಲ್ ಕ್ಲಬ್ ಅಂದರೆ ಪ್ರಾಣ. ಅವರು ತೀರಾ ಜಾಸ್ತಿ ಮಾತಾಡುವುದು ಈಗಿನ ಆಟಗಾರರ ಬಗ್ಗೆ ಅಲ್ಲ, ಹಳೇ ಕಾಲದಲ್ಲಿ ಆ ಕ್ಲಬ್ಬಿಗೆ ಆಡಿದ ಜಿಮ್ಮಿ ಮೆಕ್‌ಗ್ರೋರಿ ಬಗ್ಗೆ. ಅವರು ಆ ಆಟ ನೋಡಿಲ್ಲ, ಅವರ ಅಪ್ಪ ನೋಡಿದ್ದರು. ಆದರೂ ಸೋಫಾದ ಬೆನ್ನು ಹಿಡಿದು ನಿಂತು, ಕತ್ತನ್ನು ಪಕ್ಕಕ್ಕೆ ಝಾಡಿಸಿ, ಮೊಣಕಾಲೆತ್ತರಕ್ಕೆ ಬಂದ ಚೆಂಡನ್ನೂ ಆತ ಕಾಲಲ್ಲಿ ಒದೆಯದೆ ನೆಲಕ್ಕೆ ಹಾರಿ ತಲೆಯಲ್ಲೇ ಹೇಗೆ ಹೊಡೆಯುತ್ತಿದ್ದ ಅಂತ ತೋರಿಸುತ್ತಾರೆ. ಎಂಬತ್ತು ದಾಟಿದ ವಯಸ್ಸು, ನನಗೇ ಭಯ.

ಮೆಕ್‌ಗ್ರೋರಿ ಹುಟ್ಟಿದ್ದು 1904ರಲ್ಲಿ, ಗ್ಲಾಸ್ಗೋದ ಗಾರ್ನ್‌ಗ್ಯಾಡ್ ಅನ್ನುವ ಬಡವರ ಕೇರಿಯಲ್ಲಿ. ಎತ್ತರ ಐದೂವರೆ ಅಡಿ. 1922ರಲ್ಲಿ ಸೆಲ್ಟಿಕ್ ಸೇರಿದ, 1937ರವರೆಗೆ ಆಡಿದ, ನಡುವೆ ಒಂದು ಸೀಸನ್ ಮಾತ್ರ ಪಕ್ಕದ ಕ್ಲೈಡ್‌ಬ್ಯಾಂಕ್‌ಗೆ ಎರವಲು ಹೋಗಿದ್ದ. ಲೀಗ್‌ನಲ್ಲಿ 408 ಪಂದ್ಯ, 410 ಗೋಲು. ಪಂದ್ಯಕ್ಕೆ ಒಂದಕ್ಕಿಂತ ಜಾಸ್ತಿ ಆಯ್ತಲ್ಲ! 1928ರ ಜನವರಿಯಲ್ಲಿ ಡನ್‌ಫರ್ಮ್‌ಲಿನ್ ವಿರುದ್ಧ ಒಂದೇ ಪಂದ್ಯದಲ್ಲಿ 8 ಹೊಡೆದ.

ಅದೇ ವರ್ಷ ಲಂಡನ್ನಿನ ಆರ್ಸೆನಲ್ ಕ್ಲಬ್ಬಿನ ಮ್ಯಾನೇಜರ್ ಹರ್ಬರ್ಟ್ ಚಾಪ್‌ಮನ್ ಈತನ ಹಿಂದೆ ಬಿದ್ದರು. ಇವನನ್ನು ಬಿಟ್ಟುಕೊಟ್ಟರೆ ಸೆಲ್ಟಿಕ್‌ಗೆ 10,000 ಪೌಂಡ್ ಕೊಡುತ್ತೇವೆ ಅಂದರು. ಆಗ ಯಾವ ಆಟಗಾರನನ್ನು ಕೊಳ್ಳಲೂ ಯಾರೂ ಅಷ್ಟು ದುಡ್ಡು ಕೊಟ್ಟಿರಲಿಲ್ಲ. ಸೆಲ್ಟಿಕ್‌ಗೂ ಮಾರುವ ಮನಸ್ಸಿತ್ತು. ಸೆಲ್ಟಿಕ್ ಮ್ಯಾನೇಜರ್ ವಿಲ್ಲಿ ಮೇಲಿ, ಫ್ರಾನ್ಸಿನ ಲೂರ್ದ್ ಯಾತ್ರೆಗೆ ಜೊತೆಯಲ್ಲಿ ಹೊರಟವರು, ದಾರಿಯಲ್ಲಿ ಲಂಡನ್ನಿನಲ್ಲಿ ಚಾಪ್‌ಮನ್ ಎದುರು ಇವನನ್ನು ಕೂರಿಸಿಯೇಬಿಟ್ಟರು. ಮೆಕ್‌ಗ್ರೋರಿ ಒಪ್ಪಲಿಲ್ಲ. ವಾಪಸ್ ಬರುವಾಗ ಮತ್ತೆ ಕೇಳಿದರು, ಆಗಲೂ ಇಲ್ಲ. ನನ್ನ ಊರು, ನನ್ನ ಟೀಮು, ಬರಲ್ಲ ಅಂದ.

ಆಮೇಲೆ ಏನಾಯ್ತು ಗೊತ್ತಾ? ಜೊತೆಗಾರರಿಗೆಲ್ಲ ವಾರಕ್ಕೆ 9 ಪೌಂಡ್, ಇವನಿಗೆ 8. ಗೋಲು ಹೊಡೆಯುವವನಿಗೇ ಒಂದು ಪೌಂಡ್ ಕಡಿಮೆ. ಆ ವಿಷಯ ಅವನಿಗೆ ತಿಳಿದದ್ದು ಎಷ್ಟೋ ಕಾಲದ ಮೇಲೆ. ತಿಳಿದ ಮೇಲೂ ಕ್ಲಬ್ಬಿನ ಮೇಲಿನ ಪ್ರೀತಿ ಕಡಿಮೆಯಾಗಲಿಲ್ಲ.

ಇದನ್ನೇ ನಮ್ಮ ಊರಿನ ಕಟ್ಟೆ ಮೇಲೆ ಹೇಳಿ ನೋಡಿ. 'ಬದುಕೋಕೆ ಬರದವನು' ಅಂದುಬಿಡುತ್ತಾರೆ. ಇಲ್ಲಿ ಅದೇ ಕಥೆಯನ್ನು ಅಪ್ಪ ಮಗನಿಗೆ ಹೆಮ್ಮೆಯಿಂದ ಹೇಳುತ್ತಾನೆ. ನಮ್ಮಲ್ಲಿ ಊರು ಬಿಟ್ಟವನು ಜಾಣ, ಉಳಿದವನು ಎಲ್ಲೂ ಸಲ್ಲದವನು. ಅಪ್ಪ ಅಮ್ಮನನ್ನು ನೋಡಿಕೊಂಡು, ತೋಟ ಉಳಿಸಿಕೊಂಡು, ಊರ ಜಾತ್ರೆಗೆ ಓಡಾಡಿ, ಯಾರದೋ ಮನೆಯಲ್ಲಿ ಸಾವಾದರೆ ಮೊದಲು ಹೋಗಿ ನಿಲ್ಲುವವನಿಗೆ ಹೆಣ್ಣು ಕೊಡುವುದಿಲ್ಲ. 2023ರಲ್ಲಿ ಮಂಡ್ಯ ಕಡೆಯ ಹುಡುಗರು ಮದುವೆಯಾಗಲಿ ಅಂತ ಮಾದಪ್ಪನ ಬೆಟ್ಟಕ್ಕೆ ಪಾದಯಾತ್ರೆ ಹೋದಾಗ ಎಷ್ಟು ಜನ ನಕ್ಕರು! ನನಗೆ ನಗು ಬರಲಿಲ್ಲ. ನಾವು ಹೊರಗೆ ಕೂತು ಊರಿಗಾಗಿ ಹಂಬಲಿಸುತ್ತೇವಲ್ಲ, ಆ ಊರು ಇನ್ನೂ ಊರಾಗಿ ಉಳಿದಿರುವುದು ಇಂಥ ಹುಡುಗರಿಂದಲೇ ಅಲ್ವಾ?

ಇದೆಲ್ಲ ಹೇಳಿದ ಮೇಲೆ ಕೆಲವನ್ನು ಒಪ್ಪಲೇಬೇಕು. ಆಗ ಇಂಗ್ಲೆಂಡಿನಲ್ಲಿ ಆಟಗಾರರ ಸಂಬಳಕ್ಕೆ ವಾರಕ್ಕೆ 8 ಪೌಂಡಿನ ಮಿತಿ ಇತ್ತು. ಲಂಡನ್ನಿಗೆ ಹೋಗಿದ್ದರೂ ಸಂಬಳವೇನೂ ಏರುತ್ತಿರಲಿಲ್ಲ. ಊರು ಬಿಡದ್ದಕ್ಕೆ ನಮ್ಮ ಚಿಕ್ಕಪ್ಪನ ಮಗ ಕಳೆದುಕೊಳ್ಳುತ್ತಿರುವುದು ಅದಕ್ಕಿಂತ ಬಹಳ ಜಾಸ್ತಿ.

ಸ್ಕಾಟ್ಲೆಂಡೂ ಉಳಿದವರನ್ನು ಯಾವಾಗಲೂ ತಲೆ ಮೇಲೆ ಹೊತ್ತುಕೊಂಡಿರಲಿಲ್ಲ. 1928ರ ಮಾರ್ಚ್‌ನಲ್ಲಿ ಲಂಡನ್ನಿನ ವೆಂಬ್ಲಿಯಲ್ಲಿ ಇಂಗ್ಲೆಂಡನ್ನು 5-1ರಿಂದ ಬಡಿದ ಸ್ಕಾಟ್ಲೆಂಡ್ ತಂಡದ ಹನ್ನೊಂದು ಜನರಲ್ಲಿ ಎಂಟು ಜನ ಇಂಗ್ಲೆಂಡಿನ ಲೀಗ್‌ನಲ್ಲಿ ಆಡುತ್ತಿದ್ದವರು. ಮುಂಚೂಣಿಯ ನಡುವೆ, ಮೆಕ್‌ಗ್ರೋರಿ ಆಡುವ ಜಾಗದಲ್ಲಿ ಆಡಿದ್ದು ನ್ಯೂಕಾಸಲ್‌ನ ಹ್ಯೂಯಿ ಗ್ಯಾಲಕರ್. ಆ ಸೀಸನ್ನಿನಲ್ಲಿ ಲೀಗ್‌ನಲ್ಲೇ 47 ಗೋಲು ಹೊಡೆದ ಮೆಕ್‌ಗ್ರೋರಿಗೆ ಜಾಗವಿರಲಿಲ್ಲ. ಗ್ಯಾಲಕರ್ ಕೂಡ ಭಾರಿ ಆಟಗಾರನೇ, ಅದರಲ್ಲಿ ಎರಡು ಮಾತಿಲ್ಲ. ಆದರೆ ಮೆಕ್‌ಗ್ರೋರಿ ಇಡೀ ಜೀವನದಲ್ಲಿ ದೇಶಕ್ಕೆ ಆಡಿದ್ದು ಬರೀ 7 ಪಂದ್ಯ. ಅದರಲ್ಲೇ 6 ಗೋಲು. 1933ರಲ್ಲಿ ಗ್ಲಾಸ್ಗೋದ ಹ್ಯಾಂಪ್‌ಡೆನ್ ಮೈದಾನದಲ್ಲಿ ಇಂಗ್ಲೆಂಡ್ ಸೋತಾಗ ಸ್ಕಾಟ್ಲೆಂಡಿನ ಎರಡೂ ಗೋಲು ಇವನವೇ.

ಇನ್ನೊಂದನ್ನು ಹೇಳಲು ನನಗೆ ಮನಸ್ಸಿರಲಿಲ್ಲ. ಮೆಕ್‌ಗ್ರೋರಿಯ ಅಪ್ಪ ಅಮ್ಮ ಐರ್ಲೆಂಡಿನಿಂದ ಬಂದವರು. ಹೊಟ್ಟೆಪಾಡಿಗೆ ಊರು ಬಿಟ್ಟು, ಈ ಊರಲ್ಲಿ ಬೇಡದವರಾಗಿ ಬದುಕಿದ ಜನ ಅವರು. ಊರು ಬಿಡಲ್ಲ ಅಂದ ಮಗನನ್ನು ಗ್ಲಾಸ್ಗೋಗೆ ಕೊಟ್ಟದ್ದು ಊರು ಬಿಟ್ಟು ಬಂದ ಆ ಇಬ್ಬರೇ.