ಖೋಟಾ ದಾಖಲೆಯ ಮೊಕದ್ದಮೆ, ಜಾಮೀನು ಮತ್ತು ನಮ್ಮ ಸಿಟ್ಟು

ಸುಳ್ಳು ಸಹಿ ಹಾಕಿ ಆಸ್ತಿ ಬರೆಸಿಕೊಂಡ ಆರೋಪಿಗೆ ಜಾಮೀನು ಸಿಕ್ಕಿತು ಎಂಬ ಸುದ್ದಿ ಬಂದರೆ ಸಾಕು, "ದುಡ್ಡಿದ್ದವನು ಹೊರಗೆ ಬಂದ, ಇನ್ನು ಕೇಸು ಮುಗಿದ ಹಾಗೆಯೇ" ಎಂದು ಜನ ತೀರ್ಮಾನ ಕೊಟ್ಟುಬಿಡುತ್ತಾರೆ. ಮೋಸ ಹೋದ ಕುಟುಂಬದ ಸಂಕಟ ನನಗೆ ಅರ್ಥವಾಗುತ್ತದೆ. ಆದರೂ ಹೇಳುತ್ತೇನೆ: ಇಂಥ ಪ್ರಕರಣದಲ್ಲಿ ಜಾಮೀನು ಕೊಡುವುದು ಬಹಳ ಸಲ ಸರಿಯೇ ಆಗಿರುತ್ತದೆ. ನಮ್ಮ ಸಿಟ್ಟು ಬೀಳಬೇಕಾದ ಜಾಗ ಬೇರೆ ಇದೆ.

ಕೊಲೆ, ದರೋಡೆಯ ಪ್ರಕರಣದಲ್ಲಿ ಸಾಕ್ಷಿ ಹೇಳುವವರು ಮನುಷ್ಯರು. ಅವರನ್ನು ಹೆದರಿಸಬಹುದು, ಕೊಂಡುಕೊಳ್ಳಬಹುದು. ಫೋರ್ಜರಿ, ಅಂದರೆ ಖೋಟಾ ದಾಖಲೆಯ ಪ್ರಕರಣದಲ್ಲಿ ಮುಖ್ಯ ಸಾಕ್ಷಿ ಕಾಗದ. ವಿವಾದಿತ ಕ್ರಯಪತ್ರವನ್ನು, ಉಯಿಲನ್ನು ಅಥವಾ ಚೆಕ್ಕನ್ನು ಪೊಲೀಸರು ಒಮ್ಮೆ ಜಪ್ತಿ ಮಾಡಿ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಕಳಿಸಿದ ಮೇಲೆ ಆರೋಪಿ ಅದನ್ನು ತಿದ್ದಲಾರ. ಮಾದರಿ ಸಹಿ ಬೇಕೆಂದು ಅವನನ್ನು ಒಳಗಿಡಬೇಕಾದ ಅಗತ್ಯವೂ ಈಗ ಇಲ್ಲ. ಬಂಧನ, ಜಾಮೀನು, ವಿಚಾರಣೆಯ ವಿಧಾನ ಹೇಳುವ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 349ನೇ ಕಲಂ ಪ್ರಕಾರ, ಬಂಧಿಸದೇ ಇರುವ ವ್ಯಕ್ತಿಯೂ ಕೈಬರಹದ ಮಾದರಿ ಕೊಡಬೇಕೆಂದು ಮ್ಯಾಜಿಸ್ಟ್ರೇಟರು ಕಾರಣ ಬರೆದು ಆದೇಶಿಸಬಹುದು.

ಹಾಗಾಗಿ ಜಾಮೀನು ಅರ್ಜಿಯ ವಿಚಾರಣೆಯಲ್ಲಿ ನಾನು ಮೊದಲು ಕೇಳಬಯಸುವುದು ಮೂಲ ದಾಖಲೆ ಯಾರ ಕೈಯಲ್ಲಿದೆ ಎಂಬುದನ್ನು. ಅದು ಇನ್ನೂ ಆರೋಪಿಯ ಬಳಿಯೇ ಇದ್ದರೆ, ಸುಳ್ಳು ಮೊಹರು ಮಾಡಿಸಿದ ಜಾಗ ಪತ್ತೆಯಾಗದಿದ್ದರೆ, ಜೊತೆಗಿದ್ದವರು ತಲೆಮರೆಸಿಕೊಂಡಿದ್ದರೆ ಜಾಮೀನನ್ನು ಗಟ್ಟಿಯಾಗಿ ವಿರೋಧಿಸಬೇಕು. ಆದರೆ ವಂಚನೆಯ ಮೊತ್ತ ಎಷ್ಟು ಕೋಟಿ ಎಂಬುದನ್ನೇ ಹಿಡಿದು ವಾದ ಮಾಡುತ್ತೇವೆ. 2011ರಲ್ಲಿ 2ಜಿ ಹಗರಣದ ಸಂಜಯ್ ಚಂದ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಮುಂದಿದ್ದದ್ದು ವಂಚನೆ, ಫೋರ್ಜರಿ, ಒಳಸಂಚಿನ ಆರೋಪಗಳೇ. ಮೊತ್ತವಂತೂ ದೇಶವೇ ಬೆಚ್ಚಿದಷ್ಟು. ಅಲ್ಲಿಯೂ ನ್ಯಾಯಾಲಯ ಜಾಮೀನು ಕೊಟ್ಟಿತು, ವಿಚಾರಣೆ ಮುಗಿಯುವುದು ತಡವಾಗುವಾಗ ಆರೋಪಿಯನ್ನು ಅನಿರ್ದಿಷ್ಟ ಕಾಲ ಕೂಡಿಹಾಕಲಾಗದು ಎಂದಿತು. ಎರಡು ವರ್ಷದ ನಂತರ ಜಗನ್ಮೋಹನ ರೆಡ್ಡಿ ಪ್ರಕರಣದಲ್ಲಿ ಅದೇ ನ್ಯಾಯಾಲಯ, ಆರ್ಥಿಕ ಅಪರಾಧಗಳನ್ನು ಪ್ರತ್ಯೇಕ ವರ್ಗವಾಗಿಯೇ ನೋಡಬೇಕೆಂದು ಹೇಳಿ ಜಾಮೀನು ನಿರಾಕರಿಸಿತು. ಎರಡೂ ತೀರ್ಪುಗಳು ಇಂದಿಗೂ ವಕೀಲರ ಫೈಲಿನಲ್ಲಿ ಅಕ್ಕಪಕ್ಕದಲ್ಲೇ ಇರುತ್ತವೆ. ನನ್ನ ಒಲವು ಮೊದಲನೆಯದರ ಕಡೆಗೆ.

ಯಾವ ಕಲಂ ಹಾಕಿದ್ದಾರೆ ಎಂಬುದೂ ಸಣ್ಣ ಸಂಗತಿಯಲ್ಲ. ಅಪರಾಧ, ಶಿಕ್ಷೆಗಳನ್ನು ಹೇಳುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ವಂಚಿಸಿ ಆಸ್ತಿ ಪಡೆಯುವುದಕ್ಕೂ ವಂಚನೆಗಾಗಿ ಫೋರ್ಜರಿ ಮಾಡುವುದಕ್ಕೂ ಗರಿಷ್ಠ ಏಳು ವರ್ಷದ ಶಿಕ್ಷೆ. ಉಯಿಲನ್ನು ಅಥವಾ ಮೌಲ್ಯಯುತ ಭದ್ರತಾ ಪತ್ರವನ್ನು, ಅಂದರೆ ಕಾನೂನಿನ ಹಕ್ಕು ಹುಟ್ಟಿಸುವ ದಾಖಲೆಯನ್ನು, ಖೋಟಾ ಮಾಡಿದರೆ 338ನೇ ಕಲಂ ಬರುತ್ತದೆ. ಅದಕ್ಕೆ ಜೀವಾವಧಿಯವರೆಗೂ ಶಿಕ್ಷೆ ಇದೆ, ಹಳೆಯ ಭಾರತೀಯ ದಂಡ ಸಂಹಿತೆಯ 467ನೇ ಕಲಂ ಇದೇ. ಈ ಒಂದು ಕಲಂ ಸೇರಿದರೆ ದೋಷಾರೋಪಣ ಪಟ್ಟಿ ಸಲ್ಲಿಸಲು ಪೊಲೀಸರಿಗಿರುವ ಗಡುವು 60ರಿಂದ 90 ದಿನಕ್ಕೆ ಏರುತ್ತದೆ. ಸುಪ್ರೀಂ ಕೋರ್ಟಿನ ಅರ್ನೇಶ್ ಕುಮಾರ್ ಪ್ರಕರಣದಲ್ಲಿ 2014ರಲ್ಲಿ ಸಿಕ್ಕ, ಏಳು ವರ್ಷದವರೆಗಿನ ಅಪರಾಧಗಳಲ್ಲಿ ಅನಗತ್ಯವಾಗಿ ಬಂಧಿಸಬಾರದೆಂಬ ರಕ್ಷಣೆಯೂ ತಪ್ಪುತ್ತದೆ. ಮೊದಲ ಬಾರಿಯ ಆರೋಪಿ ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ ಒಳಗಿದ್ದರೆ ಬಿಡಬೇಕೆನ್ನುವ, ನಾಗರಿಕ ಸುರಕ್ಷಾ ಸಂಹಿತೆಯ 479ನೇ ಕಲಮಿನ ಅನುಕೂಲವೂ ಸಿಗದು. ಇಷ್ಟು ಭಾರದ ಕಲಂ ಆ ಕಾಗದಕ್ಕೆ ನಿಜವಾಗಿ ಅನ್ವಯಿಸುತ್ತದೆಯೇ ಎಂದು ನ್ಯಾಯಾಧೀಶರು ಜಾಮೀನಿನ ಹಂತದಲ್ಲೇ ಕಾಗದ ತೆರೆದು ನೋಡಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಮೋಸ ಹೋದವರ ಮಾತಿಗೆ ಬರುತ್ತೇನೆ. "ಅವನು ಒಳಗಿದ್ದರೆ ದುಡ್ಡು ವಾಪಸು ಕೊಡುತ್ತಾನೆ" ಎಂಬ ಆಸೆ ಬಹಳ ಜನರಿಗಿದೆ. ಹಣ ಠೇವಣಿ ಇಟ್ಟರೆ ಜಾಮೀನು ಎಂಬ ಆದೇಶಗಳೂ ಈ ಆಸೆಯನ್ನು ಬೆಳೆಸಿವೆ. 2023ರಲ್ಲಿ ರಮೇಶ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ರೂಢಿಯನ್ನು ಖಂಡಿಸಿತು: ವಂಚನೆಯ ಹಣದ ವಸೂಲಿಗೆ ಜಾಮೀನು ಅರ್ಜಿ ವೇದಿಕೆಯಾಗಬಾರದು. ಇದು ಸರಿಯಾದ ಮಾತು. ಠೇವಣಿ ಇಡಬಲ್ಲವನು ಹೊರಗೆ, ಇಡಲಾರದವನು ಒಳಗೆ ಎಂದಾದರೆ ಅದು ನ್ಯಾಯವೇ?

ಆಸ್ತಿ ಉಳಿಯಬೇಕಾದರೆ ಸಿವಿಲ್ ನ್ಯಾಯಾಲಯಕ್ಕೆ ಹೋಗಲೇಬೇಕು. ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆಯಾದರೂ ಖೋಟಾ ಕ್ರಯಪತ್ರ ತಾನಾಗಿ ಅಳಿಸಿಹೋಗುತ್ತದೆಂದು ಕಾದು ಕೂರುವಂತಿಲ್ಲ. ನಿರ್ದಿಷ್ಟ ಪರಿಹಾರ ಕಾಯ್ದೆಯ 31ನೇ ಕಲಂ ಅಡಿ ಪತ್ರವನ್ನು ರದ್ದುಪಡಿಸಲು ದಾವೆ ಹೂಡಿ, ಜೊತೆಗೇ ಪರಭಾರೆ ಮಾಡದಂತೆ ತಾತ್ಕಾಲಿಕ ತಡೆಯಾಜ್ಞೆ ಕೇಳಿ. ಆರೋಪಿ ಜೈಲಿನಲ್ಲಿದ್ದಾನೆಂದು ನೆಮ್ಮದಿಯಾಗಿದ್ದಾಗಲೇ ಅವನ ಹೆಸರಿನ ಅಧಿಕಾರಪತ್ರ ಹಿಡಿದು ಇನ್ನೊಬ್ಬರು ಜಮೀನು ಮಾರಿಬಿಡಬಹುದು. ಜೈಲಿನ ಬಾಗಿಲು ಅದನ್ನು ತಡೆಯುವುದಿಲ್ಲ, ತಡೆಯಾಜ್ಞೆ ತಡೆಯುತ್ತದೆ.

ಜಾಮೀನಿನ ವಿಚಾರಣೆಯಲ್ಲಿಯೂ ಸುಮ್ಮನಿರಬೇಡಿ. ಸಂತ್ರಸ್ತರ ಮಾತನ್ನು ಪ್ರತಿ ಹಂತದಲ್ಲೂ ಕೇಳಬೇಕೆಂದು ಸುಪ್ರೀಂ ಕೋರ್ಟಿನ 2022ರ ಜಗಜೀತ್ ಸಿಂಗ್ ತೀರ್ಪು ಹೇಳಿದೆ. ಪಾಸ್‌ಪೋರ್ಟ್ ಒಪ್ಪಿಸುವುದು, ತನಿಖಾಧಿಕಾರಿಯ ಮುಂದೆ ಹಾಜರಾಗುವುದು, ಸಾಕ್ಷಿದಾರರ ತಂಟೆಗೆ ಹೋಗದಿರುವುದು, ಇಂಥ ಷರತ್ತುಗಳನ್ನು ಸರ್ಕಾರಿ ಅಭಿಯೋಜಕರ ಮೂಲಕ ಕೇಳಿ. ಹೊರಬಂದವನು ಬೆದರಿಸಿದರೆ ದಿನಾಂಕ ಸಮೇತ ದೂರು ಕೊಟ್ಟು, ನಾಗರಿಕ ಸುರಕ್ಷಾ ಸಂಹಿತೆಯ 483ನೇ ಕಲಂ ಅಡಿ ಸೆಷನ್ಸ್ ನ್ಯಾಯಾಲಯ ಅಥವಾ ಹೈಕೋರ್ಟಿನಲ್ಲಿ ಜಾಮೀನು ರದ್ದತಿಗೆ ಅರ್ಜಿ ಹಾಕಿ.

ಇನ್ನು ಸಿಟ್ಟಿನ ವಿಷಯ. ಸಹಿ ಯಾರದ್ದೆಂದು ಹೇಳುವ ಪ್ರಯೋಗಾಲಯದ ವರದಿ ಏಕೆ ಬಂದಿಲ್ಲ, ಸಾಕ್ಷ್ಯ ವಿಚಾರಣೆ ಏಕೆ ಶುರುವಾಗಿಲ್ಲ, ಪ್ರತಿ ಸಲ ಮುಂದಿನ ದಿನಾಂಕ ಏಕೆ ಎಂದು ಕೇಳುವವರು ಯಾರೂ ಇಲ್ಲ. ಜಾಮೀನು ಆದೇಶ ಬಂದ ದಿನ ಕೂಗಾಡುವವರು ಮರುವರ್ಷ ಆ ಕಡತ ಎಲ್ಲಿದೆ ಎಂದು ಒಮ್ಮೆಯಾದರೂ ವಿಚಾರಿಸಿದ್ದಾರೆಯೇ? ವರದಿಗಾಗಿ ತನಿಖಾಧಿಕಾರಿಗೆ ಪತ್ರ ಬರೆಯಿರಿ, ಅದರ ಪ್ರತಿಯನ್ನು ಮೇಲಧಿಕಾರಿಗೂ ಕಳಿಸಿ, ಸ್ವೀಕೃತಿ ಇಟ್ಟುಕೊಳ್ಳಿ.